ರೇಕ್ಯಾವಿಕ್‌ನ ಭೂಶಾಖದ ಬಿಸಿನೀರು: ಹಲವು ಚಳಿಗಾಲಗಳ ಬಳಕೆಯ ನಂತರ

ಐಸ್‌ಲ್ಯಾಂಡಿಗೆ ಕೆಲಸಕ್ಕೆಂದು ಬರುವ ನಮ್ಮ ಕಡೆಯವರು ಮೊದಲು ಕೇಳುವುದೇ, "ಮನೆ ಬೆಚ್ಚಗಿಡೋಕೆ ತಿಂಗಳಿಗೆ ಎಷ್ಟು ಖರ್ಚಾಗುತ್ತೆ?" ಅಂತ. ಅವರಿಗಾಗಿ ಈ ವಿಮರ್ಶೆ.

ದೇಶದ ರಾಜಧಾನಿ ರೇಕ್ಯಾವಿಕ್‌ನ ಮನೆಗಳಲ್ಲಿ ಗೀಸರ್ ಇಲ್ಲ, ಬಾಯ್ಲರ್ ಇಲ್ಲ. ಭೂಮಿಯ ಶಾಖದಿಂದ ಬಿಸಿಯಾದ ನೀರು ಕೊಳವೆಯಲ್ಲಿ ಮನೆಗೇ ಬರುತ್ತದೆ. ಕೋಣೆ ಬೆಚ್ಚಗಿಡುವ ರೇಡಿಯೇಟರಿಗೂ ಅದೇ, ಸ್ನಾನಕ್ಕೂ ಅದೇ. 1930ರಲ್ಲಿ ಒಂದು ಶಾಲೆ, ಆಸ್ಪತ್ರೆ ಮತ್ತು ಕೆಲವು ಮನೆಗಳಿಂದ ಶುರುವಾದ ಈ ವ್ಯವಸ್ಥೆ, 1973ರ ತೈಲ ಬಿಕ್ಕಟ್ಟಿನ ನಂತರ ದೇಶದಲ್ಲೆಲ್ಲ ವೇಗವಾಗಿ ಹರಡಿತು. ಇಂದು ದೇಶದ ಹತ್ತರಲ್ಲಿ ಒಂಬತ್ತು ಮನೆಗಳು ಬೆಚ್ಚಗಿರುವುದು ಹೀಗೆಯೇ. ನೆಸ್ಯಾವೆಟ್ಲಿರ್ ಭೂಶಾಖ ಸ್ಥಾವರದ ನೀರು ರೇಕ್ಯಾವಿಕ್‌ಗೆ 27 ಕಿ.ಮೀ. ದೂರದಿಂದ ಬಂದರೂ ದಾರಿಯಲ್ಲಿ ಆರುವುದು ಸುಮಾರು 2 ಡಿಗ್ರಿ ಮಾತ್ರ.

ಬಿಲ್ ಬಗ್ಗೆ ಸ್ವಲ್ಪ ವಿವರವಾಗಿ ಹೇಳಬೇಕು. ಇಲ್ಲಿ ಲೆಕ್ಕ ಶಾಖಕ್ಕಲ್ಲ, ನೀರಿಗೆ: ಇಷ್ಟು ಘನ ಮೀಟರಿಗೆ ಇಷ್ಟು. ಸುಮಾರು 75 ಡಿಗ್ರಿಯಲ್ಲಿ ಒಳಗೆ ಬಂದ ನೀರು ಶಾಖವನ್ನು ಕೋಣೆಗೆ ಬಿಟ್ಟು 35ಕ್ಕೆ ಇಳಿದು ಹೊರಗೆ ಹೋದರೆ ಕೊಟ್ಟ ಹಣ ಸಾರ್ಥಕ. 50ರಲ್ಲೇ ಹೊರಟುಹೋದರೆ ಶಾಖವನ್ನು ಚರಂಡಿಗೆ ಸುರಿದಂತೆ. ಹಾಗಾಗಿ ರೇಡಿಯೇಟರಿನ ಮುಂದೆ ಸೋಫಾ ಇಡಬೇಡಿ, ದಪ್ಪ ಪರದೆ ಇಳಿಬಿಡಬೇಡಿ. ಕೋಣೆ ಸೆಕೆಯಾದರೆ ಕಿಟಕಿ ತೆರೆಯುವ ಬದಲು ವಾಲ್ವ್ ತಿರುಗಿಸಿ. ನನ್ನ ಬಿಲ್ ಇಳಿದದ್ದು ಇಷ್ಟರಿಂದಲೇ. ಹಲವು ಕಡೆ ಮನೆಯಿಂದ ಹೊರಬಿದ್ದ ಉಗುರುಬೆಚ್ಚಗಿನ ನೀರನ್ನು ಕಾಲುದಾರಿಯ ಅಡಿಯ ಕೊಳವೆಗಳಲ್ಲಿ ಹರಿಸಿ ಹಿಮ ಕರಗಿಸುತ್ತಾರೆ. ಒಂದೇ ನೀರನ್ನು ಇಷ್ಟು ಸಲ ದುಡಿಸಿಕೊಳ್ಳುವ ಈ ಜಾಣ್ಮೆ ನನಗೆ ಎಲ್ಲಕ್ಕಿಂತ ಮೆಚ್ಚುಗೆಯಾದದ್ದು.

ತೊಂದರೆಗಳೂ ಇವೆ. ನೀರಿನಲ್ಲಿ ಗಂಧಕದ ವಾಸನೆ ಇರುತ್ತದೆ; ಕೆಲವು ದಿನದಲ್ಲಿ ಮೂಗಿಗೆ ಒಗ್ಗಿಹೋಗುತ್ತದೆ. ಬೆಳ್ಳಿಗೆ ಮಾತ್ರ ಒಗ್ಗುವುದಿಲ್ಲ. ಕಾಲುಂಗುರ, ಕುಂಕುಮದ ಬಟ್ಟಲು, ದೀಪ ಎಲ್ಲ ಕಪ್ಪಾಗುತ್ತವೆ. ಬೆಳ್ಳಿ ಸಾಮಾನನ್ನು ತಣ್ಣೀರಿನಲ್ಲೇ ತೊಳೆಯಿರಿ. ಕುಡಿಯಲು, ಅಡುಗೆಗೆ ಕೂಡ ತಣ್ಣೀರಿನ ನಲ್ಲಿಯೇ ಸರಿ. ಚಿಕ್ಕ ಮಕ್ಕಳಿದ್ದರೆ ಬಚ್ಚಲಿನ ನಲ್ಲಿಗೆ ಬಿಸಿ ಮಿತಿಗೊಳಿಸುವ ವಾಲ್ವ್ ಇದೆಯೇ ಎಂದು ಮನೆ ಹಿಡಿಯುವ ಮೊದಲೇ ನೋಡಿ.

ಇದಕ್ಕಿಂತ ದೊಡ್ಡ ಚಿಂತೆ, ಊರೆಲ್ಲ ಒಂದೇ ಕೊಳವೆಯನ್ನು ನಂಬಿಕೊಳ್ಳುವುದು. 2024ರ ಫೆಬ್ರವರಿಯಲ್ಲಿ ರೇಕ್ಯಾವಿಕ್‌ನ ಪಕ್ಕದ ರೇಕ್ಯಾನೆಸ್ ಪರ್ಯಾಯದ್ವೀಪದಲ್ಲಿ ಲಾವಾ ಹರಿದು ಸ್ವಾರ್ಟ್ಸೆಂಗಿ ಸ್ಥಾವರದ ಬಿಸಿನೀರಿನ ಕೊಳವೆ ತುಂಡಾಯಿತು. ಕಡು ಚಳಿಯಲ್ಲಿ ಅಲ್ಲಿನ 20,000ಕ್ಕೂ ಹೆಚ್ಚು ಜನರಿಗೆ ಬಿಸಿನೀರು ನಿಂತಿತು. ಎಲ್ಲರೂ ಕರೆಂಟ್ ಹೀಟರ್ ಹಚ್ಚಿದರೆ ವಿದ್ಯುತ್ ಜಾಲ ತಾಳುವಂತಿರಲಿಲ್ಲ. ಅಂದಿನಿಂದ ನಮ್ಮ ಮನೆಯಲ್ಲಿ ಹೆಚ್ಚುವರಿ ಕಂಬಳಿಗಳಿವೆ.

ವಿದ್ಯುತ್ತೂ ಪೂರ್ತಿ ಭೂಶಾಖದ್ದೇ ಎಂದುಕೊಳ್ಳಬೇಡಿ. ನೂರರಲ್ಲಿ ಸುಮಾರು 70 ಪಾಲು ಜಲವಿದ್ಯುತ್, ಉಳಿದದ್ದು ಭೂಶಾಖ. 303 ಮೆಗಾವಾಟ್‌ನ ಹೆಟ್ಲಿಶೈದಿ ಸ್ಥಾವರದಲ್ಲಿ ಹಬೆಯೊಡನೆ ಬರುವ ಇಂಗಾಲದ ಡೈಆಕ್ಸೈಡ್‌ನ ಒಂದಷ್ಟನ್ನು ನೀರಿನಲ್ಲಿ ಕರಗಿಸಿ ಬಸಾಲ್ಟ್ ಎಂಬ, ಲಾವಾ ಆರಿ ಆದ ಬಂಡೆಯೊಳಗೆ ಇಳಿಸುತ್ತಾರೆ. ಅಲ್ಲಿ ಅದು ಕಲ್ಲಾಗುತ್ತದೆ. ಒಮ್ಮೆ ಹೋಗಿ ನೋಡಿ ಬನ್ನಿ.

ಲಡಾಖಿನ ಪೂಗಾ ಕಣಿವೆಯಲ್ಲಿ ಭೂಶಾಖಕ್ಕಾಗಿ ಕೊಳವೆಬಾವಿ ಕೊರೆಯುವ ಸುದ್ದಿ ಓದಿದಾಗಲೆಲ್ಲ, ವಿದ್ಯುತ್ತಿನ ಜೊತೆಗೆ ಅಲ್ಲಿನ ಮನೆಗಳಿಗೆ ಬಿಸಿನೀರನ್ನೂ ಕೊಡಲಿ ಎಂದು ಮನಸಾರೆ ಬಯಸುತ್ತೇನೆ. ಅಂಥ ಚಳಿಯಲ್ಲಿ ಜನಕ್ಕೆ ಮೊದಲು ಬೇಕಾಗುವುದು ಅದು.

ಐದರಲ್ಲಿ ನಾಲ್ಕೂವರೆ ಅಂಕ.