‘ಇಂಗ್ಲಿಷ್ ವರ್ಷನ್’ ಜಂಪ್ ಅಲ್ಟಿಮೇಟ್ ಸ್ಟಾರ್ಸ್ ಸಿಗುತ್ತೆ ಅಂದರೆ ನಂಬಬೇಡಿ

ನಿಂಟೆಂಡೊ ಡಿಎಸ್‌ಗೆ (ಕೈಯಲ್ಲಿ ಹಿಡಿದು ಆಡುವ, ಎರಡು ಪರದೆಯ ಗೇಮ್ ಯಂತ್ರ) ‘ಜಂಪ್ ಅಲ್ಟಿಮೇಟ್ ಸ್ಟಾರ್ಸ್’ ಅನ್ನೋ ಹೊಡೆದಾಟದ ಆಟ ಹುಡುಕುತ್ತಿದ್ದೀರಾ? ಮಾರುವವರು ‘ಒರಿಜಿನಲ್, ಇಂಗ್ಲಿಷ್ ವರ್ಷನ್’ ಅಂತ ಹಾಕಿದ್ದರೆ ದುಡ್ಡು ಕೊಡಬೇಡಿ. ಅದು ನಕಲಿ. ಈ ಆಟಕ್ಕೆ ಅಧಿಕೃತ ಇಂಗ್ಲಿಷ್ ವರ್ಷನ್ನೇ ಇಲ್ಲ.

2006ರ ನವೆಂಬರ್‌ನಲ್ಲಿ ಇದು ಬಂದಿದ್ದು ಜಪಾನಿನಲ್ಲಿ ಮಾತ್ರ. ಅದಕ್ಕೂ ಮೊದಲು, 2005ರಲ್ಲಿ ಬಂದ ‘ಜಂಪ್ ಸೂಪರ್ ಸ್ಟಾರ್ಸ್’ ಕೂಡ ಅಲ್ಲಿಂದ ಆಚೆ ಬರಲಿಲ್ಲ. ಗೋಕು, ಲೂಫಿ, ನರುಟೊ, ಇಚಿಗೊ ಸೇರಿ 41 ಮಾಂಗಾ (ಜಪಾನಿ ಕಾಮಿಕ್ಸ್) ಸರಣಿಗಳ ಪಾತ್ರಗಳು ಇದರಲ್ಲಿ ಹೊಡೆದಾಡುತ್ತವೆ. ಜಪಾನಿನಲ್ಲಿ ಇವೆಲ್ಲ ‘ಜಂಪ್’ ಅನ್ನೋ ಮಾಂಗಾ ಪತ್ರಿಕೆಯ ಮನೆಮಕ್ಕಳು. ಹೊರದೇಶಗಳಲ್ಲಿ ಹಕ್ಕುಗಳು ಬೇರೆ ಬೇರೆ ಕಂಪನಿಗಳ ಕೈಲಿ. ಅಷ್ಟೂ ಜನರನ್ನು ಒಪ್ಪಿಸೋದು ಸುಲಭನಾ?

ಅಂಥದೇ ಜಾಹೀರಾತು ನಂಬಿ ನಾನೂ ಕೊಂಡೆ. ಬಂದ ಕಾರ್ಟ್ರಿಜ್ (ಆಟ ಇರುವ, ಡಿಎಸ್‌ಗೆ ಸಿಕ್ಕಿಸುವ ಸಣ್ಣ ಕಾರ್ಡ್) ನೋಡೋಕೆ ಚೆನ್ನಾಗೇ ಇತ್ತು. ಆನ್ ಆಯಿತು, ಮೆನು ಇಂಗ್ಲಿಷ್‌ನಲ್ಲಿತ್ತು. ಹೊಡೆದಾಟ ಮೇಲಿನ ಪರದೆಯಲ್ಲಿ. ಕೆಳಗಿನ ಪರದೆಯಲ್ಲಿ ಮಾಂಗಾ ಪುಟದ ಹಾಗೆ 20 ಚೌಕ, ಅದೇ ನಿಮ್ಮ ಡೆಕ್. ಚಿತ್ರದ ತುಂಡುಗಳಿಗೆ ‘ಕೊಮಾ’ ಅಂತಾರೆ. ಒಂದು ಚೌಕದ ಕೊಮಾ ಬಲ ಹೆಚ್ಚಿಸುತ್ತೆ. ಎರಡು ಮೂರು ಚೌಕದ್ದನ್ನು ಮುಟ್ಟಿದರೆ ಆ ಪಾತ್ರ ಹಾರಿ ಬಂದು ಒಂದೇಟು ಕೊಟ್ಟು ಹೋಗುತ್ತೆ. ನಾಲ್ಕು ಮತ್ತು ಮೇಲಿನದಾದರೆ ಆ ಪಾತ್ರವನ್ನೇ ನೀವು ಆಡಿಸಬಹುದು. ಇವನ್ನೆಲ್ಲ ಆ 20 ಚೌಕದೊಳಗೆ ಕೂರಿಸಬೇಕು. ನನ್ನ ಪ್ರಕಾರ ಹೊಡೆದಾಟಕ್ಕಿಂತ ಮಜಾ ಅದರಲ್ಲೇ ಇದೆ.

ಹಾಗೆ ಕೂತು ಜೋಡಿಸಿದ್ದೆಲ್ಲ ಮಾರನೇ ದಿನ ಮಾಯ. ಡೆಕ್ ಇಲ್ಲ, ಗೆದ್ದ ಕೊಮಾ ಇಲ್ಲ, ಆಟ ಮತ್ತೆ ಮೊದಲಿನಿಂದ ಶುರು. ಮತ್ತೆ ಆಡಿ ಸೇವ್ ಮಾಡಿದರೂ ಅದೇ ಕತೆ. ಮಾರಿದವನು ಮೊದಲು ‘ನಿಮ್ಮ ಡಿಎಸ್ ಸರಿ ಇಲ್ಲ ಸರ್’ ಅಂದ. ಬೇರೆ ಆಟಗಳು ಸರಿಯಾಗಿ ಸೇವ್ ಆಗ್ತಿವೆ ಅಂದೆ. ‘ಪಿನ್ ಮೇಲೆ ರಬ್ಬರ್ ಉಜ್ಜಿ ನೋಡಿ’ ಅಂದ. ಕೊನೆಗೆ ‘ರಿಟರ್ನ್ ಟೈಮ್ ಮುಗೀತು ಸರ್’ ಅಂದು ನನ್ನ ನಂಬರ್ ಬ್ಲಾಕ್ ಮಾಡಿದ.

ಕೊಳ್ಳುವ ಮೊದಲು ಕಾರ್ಟ್ರಿಜ್‌ನ ಎರಡೂ ಬದಿಯ ಫೋಟೊ ಕೇಳಿ. ಮುಂದಿನ ಲೇಬಲ್ ಮೇಲೆ ‘ಎನ್‌ಟಿಆರ್’ ಅಂತ ಶುರುವಾಗುವ ಕೋಡ್ ಇರುತ್ತೆ, ನಡುವೆ ನಾಲ್ಕು ಅಕ್ಷರ. ಜಪಾನಿನದ್ದಾದರೆ ಕೊನೆಗೆ ‘ಜೆಪಿಎನ್’. ಹಿಂಬದಿಯಲ್ಲಿ ಅಚ್ಚಾದ ಸಣ್ಣ ಕೋಡ್ ಕೂಡ ಅದೇ ನಾಲ್ಕು ಅಕ್ಷರಗಳಿಂದ ಶುರುವಾಗಬೇಕು. ನನ್ನದರಲ್ಲಿ ಎರಡಕ್ಕೂ ಸಂಬಂಧವೇ ಇರಲಿಲ್ಲ.

ದುಡ್ಡು ಹೋಗಿದ್ದಕ್ಕಿಂತ ಜಾಸ್ತಿ ಹೊಟ್ಟೆ ಉರಿಸಿದ್ದು ಇನ್ನೊಂದು. ಆ ಇಂಗ್ಲಿಷ್ ಅನುವಾದ ಅಭಿಮಾನಿಗಳದ್ದು. ಅವರು ಅದನ್ನು ಪುಕ್ಕಟೆ ಹಂಚಿದ್ದಾರೆ, ಅದೂ ಬರೀ ಪ್ಯಾಚ್ ಆಗಿ. ಅಂದರೆ ಬದಲಾದ ಭಾಗ ಮಾತ್ರ ಇರುವ ಸಣ್ಣ ಫೈಲ್, ಒಳಗೆ ಆಟ ಇರಲ್ಲ. ಈ ಕಳ್ಳರು ಅದನ್ನು ಆಟಕ್ಕೆ ಸೇರಿಸಿ, ಅಗ್ಗದ ಚಿಪ್‌ಗೆ ತುಂಬಿ, ‘ಒರಿಜಿನಲ್’ ಅಂತ ಮಾರುತ್ತಿದ್ದಾರೆ. ‘ಆನ್‌ಲೈನ್ ಕೂಡ ಆಡಬಹುದು’ ಅಂತಲೂ ಜಾಹೀರಾತಿನಲ್ಲಿತ್ತು! ನಿಂಟೆಂಡೊ ಡಿಎಸ್‌ನ ಆನ್‌ಲೈನ್ ಸೇವೆ 2014ರ ಮೇ ತಿಂಗಳಲ್ಲೇ ನಿಲ್ಲಿಸಿದೆ. ಆಮೇಲೆ ಡಿಎಸ್ ಆಟಗಳಿಗೆ ಸರ್ವರ್ ಕಟ್ಟಿದ್ದೂ ಅಭಿಮಾನಿಗಳೇ.

ಜಪಾನಿನ ಅಸಲಿ ಸೆಕೆಂಡ್ ಹ್ಯಾಂಡ್ ಕಾರ್ಟ್ರಿಜ್ ತಗೊಳ್ಳಿ. ಡಿಎಸ್ ಕಾಲದ ಇಂಥ ಆಟಗಳಿಗೆ ದೇಶದ ಲಾಕ್ ಇಲ್ಲ, ಇಲ್ಲಿನ ಡಿಎಸ್‌ನಲ್ಲೂ ಅದರ ನಂತರ ಬಂದ 3ಡಿಎಸ್‌ನಲ್ಲೂ ಓಡುತ್ತೆ. ಜಪಾನಿ ಬರದಿದ್ದರೂ ಹೊಡೆದಾಟಕ್ಕೆ ತೊಂದರೆ ಇಲ್ಲ, ಮೆನುಗೆ ಅಭಿಮಾನಿಗಳ ಗೈಡ್ ಪಕ್ಕದಲ್ಲಿಟ್ಟುಕೊಂಡರೆ ಸಾಕು. ಪ್ಯಾಚ್ ಹುಡುಕುವಾಗ ಯಾರಾದರೂ ದುಡ್ಡು ಕೇಳಿದರೆ, ಇಲ್ಲವೇ ‘ಆಂಟಿವೈರಸ್ ಆಫ್ ಮಾಡಿ’ ಅಂದರೆ, ಆ ಫೈಲ್ ಮುಟ್ಟಲೇಬೇಡಿ.