ಮೊರಿಸ್ ಜಾರ್ ಅವರ ಮೂರು ಎಲ್‌ಪಿ: ಕಾರವಾರದಲ್ಲಿ ಕೊಳ್ಳುವ ಮುನ್ನ

ಕಾರವಾರ ಪೇಟೆಯ ಒಂದು ರೇಡಿಯೋ ರಿಪೇರಿ ಅಂಗಡಿಯಲ್ಲಿ ಮೂರು ಹಳೇ ಎಲ್‌ಪಿಗಳ (ಗ್ರಾಮಫೋನ್ ತಟ್ಟೆಗಳ) ಒಂದು ಕಟ್ಟು ಮಾರಾಟಕ್ಕಿದೆ: ‘ಲಾರೆನ್ಸ್ ಆಫ್ ಅರೇಬಿಯಾ’, ‘ಡಾಕ್ಟರ್ ಝಿವಾಗೊ’, ‘ಎ ಪ್ಯಾಸೇಜ್ ಟು ಇಂಡಿಯಾ’. ಮೂರೂ ಡೇವಿಡ್ ಲೀನ್ ನಿರ್ದೇಶಿಸಿದ ಸಿನಿಮಾಗಳು. ಮೂರಕ್ಕೂ ಸಂಗೀತ ಫ್ರಾನ್ಸಿನ ಮೊರಿಸ್ ಜಾರ್ ಅವರದು, ಮೂರಕ್ಕೂ ಅವರಿಗೆ ಆಸ್ಕರ್ ಬಂದಿದೆ. ಕಟ್ಟಿಗೆ 2,400 ರೂಪಾಯಿ, ಬಿಡಿಯಾಗಿ ಕೊಡುವುದಿಲ್ಲ. ಬೆಲೆ ನ್ಯಾಯದ್ದೇ. ಆದರೆ ಮೂರು ತಟ್ಟೆಗಳ ಸ್ಥಿತಿ ಮೂರು ಬಗೆ.

ಮೊದಲು ‘ಲಾರೆನ್ಸ್’. ಜಾರ್ ಮೂಲತಃ ತಾಳವಾದ್ಯದವರು ಎಂಬುದನ್ನು ಮನಸ್ಸಿನಲ್ಲಿಟ್ಟುಕೊಂಡು ಈ ತಟ್ಟೆಯನ್ನು ಪರೀಕ್ಷಿಸಬೇಕು. 1924ರಲ್ಲಿ ಲಿಯೋನ್ ನಗರದಲ್ಲಿ ಹುಟ್ಟಿದ ಅವರು ಎಂಜಿನಿಯರಿಂಗ್ ಓದು ಬಿಟ್ಟು ಪ್ಯಾರಿಸ್ಸಿನ ಸಂಗೀತ ಶಾಲೆ ಸೇರಿದರು, ತಾಳವಾದ್ಯ ಕಲಿತರು, ಆರ್ಥರ್ ಹೊನೆಗರ್ ಅವರ ಬಳಿ ಸಂಯೋಜನೆ ಕಲಿತರು. ಆಮೇಲೆ ಜಾನ್ ವಿಲಾರ್ ಅವರ ರಾಷ್ಟ್ರೀಯ ಜನತಾ ರಂಗಭೂಮಿಯಲ್ಲಿ ಹನ್ನೆರಡು ವರ್ಷ ಸಂಗೀತದ ಹೊಣೆ ಹೊತ್ತರು. ಸಿನಿಮಾಕ್ಕೆ ಬಂದದ್ದು 1952ರಲ್ಲಿ, ಜಾರ್ಜ್ ಫ್ರಾಂಜು ಅವರ ಒಂದು ಕಿರುಚಿತ್ರದ ಮೂಲಕ. ಹತ್ತು ವರ್ಷಕ್ಕೆ ‘ಲಾರೆನ್ಸ್’. ಸುಮಾರು ಎರಡು ಗಂಟೆಯ ಸಂಗೀತವನ್ನು ಆರು ವಾರದಲ್ಲಿ ಬರೆದು ಕೊಡಬೇಕಾಯಿತು. ಸಿನಿಮಾದ ಶೀರ್ಷಿಕೆಯಲ್ಲಿ ವಾದ್ಯವೃಂದ ನಡೆಸಿದವರೆಂದು ಸರ್ ಏಡ್ರಿಯನ್ ಬೋಲ್ಟ್ ಹೆಸರಿದೆ. ಲಂಡನ್ ಫಿಲ್ಹಾರ್ಮೋನಿಕ್‌ನ ಎದುರು ನಿಂತು ನಡೆಸಿದವರು ಜಾರ್ ಅವರೇ. ಈ ಅನ್ಯಾಯವನ್ನು ಕೇಳುವವರಾದರೂ ನೆನಪಿಡಬೇಕು.

ಈ ಸಂಗೀತ ತೆರೆದುಕೊಳ್ಳುವುದೇ ಟಿಂಪನಿಯ (ನಗಾರಿಯಂಥ ದೊಡ್ಡ ವಾದ್ಯ) ಪೆಟ್ಟಿನಿಂದ. ಸಿನಿಮಾದಲ್ಲಿ ಆಗ ಪರದೆ ಪೂರ್ತಿ ಕಪ್ಪು, ನಾಲ್ಕು ನಿಮಿಷದಷ್ಟು ಹೊತ್ತು ಬರೀ ಸಂಗೀತ. ಬಡಗುತಿಟ್ಟಿನ ಚಂಡೆ ಕೇಳಿ ಬೆಳೆದ ಕಿವಿಗೆ ಇಲ್ಲಿ ಬೇರೆ ಮೀಟರ್ ಬೇಡ. ಕೋಲು ಚರ್ಮಕ್ಕೆ ತಾಗಿದ ಗಳಿಗೆ ಬೇರೆ, ಅದರ ಹಿಂದಿನ ಗುಂಯ್ ಬೇರೆ ಎಂದು ಸ್ಪಷ್ಟವಾಗಿ ಕೇಳಬೇಕು. ಎರಡೂ ಸೇರಿ ‘ಧಬ್’ ಎಂದರೆ ಒಂದೋ ಗ್ರೂವ್ (ತಟ್ಟೆಯಲ್ಲಿ ನಾದ ಕೊರೆದಿರುವ ಸುರುಳಿ ಗೆರೆ) ಸವೆದಿದೆ, ಇಲ್ಲವೇ ಮುಳ್ಳು ಸವೆದಿದೆ. ಪೆಟ್ಟಿಗೆ ಪ್ಲೇಯರುಗಳ ಸಿರಾಮಿಕ್ ಕಾರ್ಟ್ರಿಜ್ (ಮುಳ್ಳನ್ನು ಹಿಡಿದಿರುವ ಭಾಗ) 4–5 ಗ್ರಾಂ ಭಾರ ಹಾಕುತ್ತದೆ, ಮ್ಯಾಗ್ನೆಟಿಕ್‌ಗೆ 1.5–2 ಗ್ರಾಂ ಸಾಕು. ಭಾರದ ಮುಳ್ಳಿನಲ್ಲಿ ವರ್ಷಗಟ್ಟಲೆ ಓಡಿದ ತಟ್ಟೆ ಮೊದಲು ಕಳೆದುಕೊಳ್ಳುವುದು ಈ ಪೆಟ್ಟಿನ ಚೂಪನ್ನೇ. ಅಂಗಡಿಯ ತಟ್ಟೆ ಈ ಪರೀಕ್ಷೆಯಲ್ಲಿ ಗೆದ್ದಿದೆ. ಮೂರು ಒಂಡ್ ಮಾರ್ತನೋಗಳ (ತಂತಿಯ ಮೇಲೆ ಉಂಗುರ ಸರಿಸಿ ನುಡಿಸುವ ವಿದ್ಯುತ್ ವಾದ್ಯ) ನಡುಗುವ ಎಳೆಯೂ ತಂತಿವಾದ್ಯಗಳಲ್ಲಿ ಮುಳುಗದೆ ಬೇರೆಯಾಗಿ ಕೇಳಿಸುತ್ತದೆ.

ದೋಷವೆಂದರೆ ಬೂಷ್ಟು. ಮೊದಲ ಬದಿಯ ಹೊರ ಅಂಚಿನಲ್ಲಿ, ತಟ್ಟೆಯನ್ನು ಟ್ಯೂಬ್‌ಲೈಟಿಗೆ ಓರೆಯಾಗಿ ಹಿಡಿದರೆ, ಸಾಸಿವೆಗಿಂತ ಸಣ್ಣ ಬೂದು ಚುಕ್ಕೆಗಳು ಕಾಣುತ್ತವೆ. ಗೀರಿಗೂ ಬೂಷ್ಟಿಗೂ ವ್ಯತ್ಯಾಸ ಕಿವಿಯಲ್ಲೇ ಗೊತ್ತಾಗುತ್ತದೆ: ನಿಮಿಷಕ್ಕೆ 33⅓ ಸುತ್ತಿನ ವೇಗದಲ್ಲಿ ತಟ್ಟೆ ಒಂದು ಸುತ್ತು ಮುಗಿಸಲು 1.8 ಸೆಕೆಂಡ್ ಬೇಕು, ಗೀರಿನ ‘ಟಕ್’ ಸರಿಯಾಗಿ ಅಷ್ಟಷ್ಟಕ್ಕೇ ಬರುತ್ತದೆ. ಬೂಷ್ಟಿನದು ಲೆಕ್ಕವಿಲ್ಲದ ಚಟಪಟ. ಗೀರು ಹೋಗುವುದಿಲ್ಲ. ಬೂಷ್ಟು ತೊಳೆದರೆ ಬಹುಪಾಲು ಹೋಗುತ್ತದೆ.

ತೊಳೆಯುವ ಕೆಲಸವನ್ನು ಅಂಗಡಿಯವರೇ ತಟ್ಟೆಗೆ 60 ರೂಪಾಯಿಗೆ ಮಾಡುತ್ತಾರೆ. ಡಿಸ್ಟಿಲ್ಡ್ ನೀರು, ಅದರ ಕಾಲು ಭಾಗ ಐಸೊಪ್ರೊಪೈಲ್ ಆಲ್ಕೋಹಾಲ್, ಒಂದು ಹನಿ ಪಾತ್ರೆ ತೊಳೆಯುವ ದ್ರವ. ಮೆತ್ತನೆ ಬ್ರಶ್ಶಿನಿಂದ ಗ್ರೂವಿನ ದಿಕ್ಕಿನಲ್ಲೇ ಉಜ್ಜಿ, ಮತ್ತೆ ಬರೀ ಡಿಸ್ಟಿಲ್ಡ್ ನೀರಿನಲ್ಲಿ ಜಾಲಿಸುತ್ತಾರೆ. ಕೈ ಚೊಕ್ಕ, ಲೇಬಲ್ ಒದ್ದೆಯಾಗದಂತೆ ಮುಚ್ಚಳ ಇಡುತ್ತಾರೆ. ಎರಡು ತಪ್ಪು ಮಾತ್ರ ಹೇಳಲೇಬೇಕು. ನಿಮಿಷಕ್ಕೆ 78 ಸುತ್ತಿನ ಹಳೇ ಅರಗಿನ ತಟ್ಟೆಗಳಿಗೂ ಇದೇ ದ್ರವ ಬಳಸುತ್ತಾರೆ; ಆಲ್ಕೋಹಾಲ್ ಅರಗನ್ನು ಕರಗಿಸುತ್ತದೆ, ಅಜ್ಜನ ಕಾಲದ ನಾಟಕದ ಹಾಡುಗಳನ್ನು ಅಲ್ಲಿ ತೊಳೆಯಲು ಕೊಡಬೇಡಿ. ಇನ್ನೊಂದು, ತೊಳೆದ ತಟ್ಟೆಯನ್ನು ಹಳೇ ಕಾಗದದ ಒಳಚೀಲಕ್ಕೇ ಮರಳಿ ಹಾಕುತ್ತಾರೆ. ಬೂಷ್ಟು ಕೂತಿರುವುದೇ ಆ ಕಾಗದದಲ್ಲಿ. “ಹೊಸ ಪ್ಲಾಸ್ಟಿಕ್ ಚೀಲ ಹಾಕಿ ಕೊಡಿ” ಎಂದು ಕೇಳಿದರೆ 15 ರೂಪಾಯಿಗೆ ಹಾಕಿ ಕೊಡುತ್ತಾರೆ.

‘ಝಿವಾಗೊ’ ತಟ್ಟೆ ಮೂರರಲ್ಲಿ ಸೋತದ್ದು. ಒಂದು ಕಡೆ ಅಂಚು ಎದ್ದಿದೆ, ಮುಳ್ಳಿನ ಕೈ ಪ್ರತಿ ಸುತ್ತಿಗೂ ಏರಿ ಇಳಿಯುತ್ತದೆ. ಬಿಸಿ ತಾಗಿದ ಗುರುತು ಅದು. ಮಳೆಗಾಲದಲ್ಲಿ ಬೆಚ್ಚಗಿರಲಿ ಎಂದು ಒಲೆಯ ಮೇಲಿನ ಅಟ್ಟದಲ್ಲಿಟ್ಟ ತಟ್ಟೆಗಳು ಹೀಗೇ ಆಗುತ್ತವೆ. ಅಡಿಕೆಗೆ ಆಗುವ ಜಾಗ ವಿನೈಲಿಗೆ ಆಗುವುದಿಲ್ಲ. ಸಿನಿಮಾದ ನಾಯಕಿ ಲಾರಾಳ ರಾಗವನ್ನು ಲೀನ್ ಒಪ್ಪುವ ಮೊದಲು ಜಾರ್ ಬರೆದದ್ದನ್ನು ಹಲವು ಸಲ ಬೇಡವೆಂದಿದ್ದರು. ನುಡಿಸಲು ಬಂದ 24 ಬಾಲಲೈಕಾ (ರಷ್ಯದ ತಂತಿವಾದ್ಯ) ವಾದಕರಿಗೆ ಸ್ವರಲಿಪಿ ಓದಲು ಬರುತ್ತಿರಲಿಲ್ಲ, ಬಾಯಿಪಾಠ ಮಾಡಿಸಿಯೇ ಧ್ವನಿಮುದ್ರಣ ಆಯಿತು. ಅಷ್ಟು ಪಾಡು ಪಟ್ಟ ಆ ತೆಳು ತಂತಿಯ ನಾದ ಇಲ್ಲಿ ಪ್ರತಿ ಬದಿಯ ಕೊನೆಯಲ್ಲಿ ಒಡೆಯುತ್ತದೆ. ಹೊರ ಅಂಚಿನಲ್ಲಿ ಮುಳ್ಳಿನ ಕೆಳಗೆ ಸೆಕೆಂಡಿಗೆ ಸುಮಾರು 50 ಸೆಂ.ಮೀ. ಗ್ರೂವ್ ಹರಿದರೆ ಒಳ ಅಂಚಿನಲ್ಲಿ 20ರ ಆಸುಪಾಸು. ಅದೇ ನಾದ ಅರ್ಧಕ್ಕಿಂತ ಕಡಿಮೆ ಜಾಗದಲ್ಲಿ ಇಕ್ಕಟ್ಟಾಗುತ್ತದೆ, ಸವೆದ ತಟ್ಟೆಯಲ್ಲಿ ಮೊದಲು ಕೆಡುವುದೂ ಅಲ್ಲೇ. ಈ ಒಂದಕ್ಕಾಗಿ 400 ರೂಪಾಯಿಯಾದರೂ ಇಳಿಸಿ ಕೇಳುವುದು ಸರಿ.

‘ಪ್ಯಾಸೇಜ್’ ಹೊಸದರಂತಿದೆ. ಸಿನಿಮಾದ ಗುಹೆಗಳ ಭಾಗ ಚಿತ್ರೀಕರಣವಾದದ್ದು ನಮ್ಮ ಸಾವನದುರ್ಗ, ರಾಮದೇವರ ಬೆಟ್ಟಗಳಲ್ಲಿ. 1985ರಲ್ಲಿ ಆಸ್ಕರ್ ಪಡೆಯುವಾಗ ಜಾರ್, ಈ ವರ್ಷ ಮೊಜಾರ್ಟ್ ಸ್ಪರ್ಧೆಯಲ್ಲಿ ಇಲ್ಲದ್ದು ನನ್ನ ಅದೃಷ್ಟ ಎಂಬರ್ಥದ ಮಾತಾಡಿದ್ದರು. ಅದೇ ವರ್ಷದ ‘ವಿಟ್ನೆಸ್’ಗೆ ಪೂರ್ತಿ ಎಲೆಕ್ಟ್ರಾನಿಕ್ ಸಂಗೀತ ಮಾಡಿದರು; ಆ ಬಗೆಯ ತಟ್ಟೆಗಳು ಈ ಅಂಗಡಿಯಲ್ಲಿಲ್ಲ.

ಅಂಗಡಿಯ ಪ್ಲೇಯರಿನಲ್ಲಿ ಕೇಳಿ ಶ್ರುತಿ ತೀರ್ಮಾನಿಸಬೇಡಿ, ಅದರ ಬೆಲ್ಟ್ ಸಡಿಲವಾಗಿದೆ. 180 ಗೆರೆಯ ಸ್ಟ್ರೋಬ್ ಕಾಗದವನ್ನು (ವೇಗ ನೋಡಲು ಸುತ್ತಲೂ ಗೆರೆ ಹೊಡೆದ ದುಂಡು ಕಾಗದ) ತಿರುಗುವ ಪ್ಲೇಯರಿನ ಮೇಲೆ, ಹಳೇ ಚೋಕಿನ ಟ್ಯೂಬ್‌ಲೈಟ್ ಕೆಳಗಿಟ್ಟರೆ ಗೆರೆಗಳು ನಿಂತಂತೆ ಕಾಣಬೇಕು. ಇಲ್ಲಿ ಹಿಂದಕ್ಕೆ ಸರಿಯುತ್ತವೆ, ಅಂದರೆ ವೇಗ ಕಡಿಮೆ. ಬಹಳಷ್ಟು ಎಲ್‌ಇಡಿ ಬಲ್ಬಿನಡಿ ಇದು ಕಾಣುವುದಿಲ್ಲ.

ಮನೆಗೆ ತಂದ ಮೇಲೆ ತಟ್ಟೆಗಳನ್ನು ನೆಟ್ಟಗೆ ನಿಲ್ಲಿಸಿ. ಚಿರೆಕಲ್ಲಿನ ಗೋಡೆಯಿಂದ ಒಂದು ಗೇಣು ದೂರವಿರಲಿ, ಜೂನ್‌ನಿಂದ ಸೆಪ್ಟೆಂಬರ್ ತನಕ ಆ ಗೋಡೆ ತೇವ ಬಿಡುತ್ತಲೇ ಇರುತ್ತದೆ. ಒಂದು ಸ್ಪೀಕರ್ ಆಗಾಗ ಮೂಕಾದರೆ ತಟ್ಟೆಯನ್ನು ದೂರಬೇಡಿ. ಉಪ್ಪುಗಾಳಿಗೆ ಹೆಡ್‌ಶೆಲ್ಲಿನ (ಮುಳ್ಳಿನ ಕೈಯ ತುದಿಯಲ್ಲಿ ಕಾರ್ಟ್ರಿಜ್ ಕೂರುವ ಭಾಗ) ನಾಲ್ಕು ಪಿನ್‌ಗಳಿಗೆ ಕಿಲುಬು ಹಿಡಿದಿರುತ್ತದೆ, ಪೆನ್ಸಿಲ್ ರಬ್ಬರಿನಿಂದ ಮೆಲ್ಲಗೆ ಉಜ್ಜಿದರೆ ಸರಿಹೋಗುತ್ತದೆ. ದುಡ್ಡು ಕೊಡುವ ಮುಂಚೆ ‘ಲಾರೆನ್ಸ್’ನ ಮೊದಲ ಬದಿಯನ್ನು ಪೂರ್ತಿ ಹಾಕಿಸಿ ಕೇಳಿ, ಅಂಗಡಿಯವರು ಬೇಡ ಅನ್ನುವುದಿಲ್ಲ.