ದಿ ಲಿರ್ ನಟನಾ ಪದವಿ: ಕ್ಯಾಮೆರಾ ಮುಂದೆ ನಿಲ್ಲುವವರಿಗೆ ಎಷ್ಟು ದಕ್ಕುತ್ತದೆ?

‘ನಾರ್ಮಲ್ ಪೀಪಲ್’ ಧಾರಾವಾಹಿ ನೋಡಿ ಮುಗಿಸಿದವರು ಅದರ ನಾಯಕ ನಟ ಪಾಲ್ ಮೆಸ್ಕಲ್ ಎಲ್ಲಿ ಕಲಿತರು ಎಂದು ಹುಡುಕಿದರೆ ಡಬ್ಲಿನ್‌ನ ದಿ ಲಿರ್ ಅಕಾಡೆಮಿಯ ಹೆಸರು ಸಿಗುತ್ತದೆ. ಟ್ರಿನಿಟಿ ಕಾಲೇಜಿನ ಈ ನಾಟಕ ಅಕಾಡೆಮಿ 2011ರಲ್ಲಿ, ಲಂಡನ್‌ನ ರಾಡಾ ನಟನಾ ಶಾಲೆಯ ಸಹಯೋಗದಲ್ಲಿ ಶುರುವಾಯಿತು. ಮೆಸ್ಕಲ್ ಇಲ್ಲಿಂದ ಹೊರಬಿದ್ದದ್ದು 2017ರಲ್ಲಿ. ಆಮೇಲೆ ‘ಕಾನ್ವರ್ಸೇಷನ್ಸ್ ವಿತ್ ಫ್ರೆಂಡ್ಸ್’ ಧಾರಾವಾಹಿಯಲ್ಲಿ ಮುಖ್ಯ ಪಾತ್ರ ಮಾಡಿದ ಆಲಿಸನ್ ಆಲಿವರ್ ಕೂಡ ಇಲ್ಲಿಯವರೇ. ಈ ವಿಮರ್ಶೆ ಅಲ್ಲಿನ ಮೂರು ವರ್ಷದ ನಟನಾ ಪದವಿಯನ್ನು ಒಂದೇ ಕಡೆಯಿಂದ ನೋಡುತ್ತದೆ: ಸಿನಿಮಾ, ಟಿವಿಗೆ ಹೋಗಬೇಕೆಂದುಕೊಂಡವರಿಗೆ ಇದರಿಂದ ಏನು ಬರುತ್ತದೆ, ಏನು ಬರುವುದಿಲ್ಲ. ಉತ್ತರವನ್ನು ಮೊದಲೇ ಹೇಳಿಬಿಡೋಣ. ಉಸಿರು, ದನಿ, ಮೈ ಈ ಮೂರನ್ನೂ ಪದವಿ ಗಟ್ಟಿ ಮಾಡಿಕೊಡುತ್ತದೆ. ಪರದೆಯ ಕಸುಬಿನ ದೊಡ್ಡ ಪಾಲನ್ನು ಮಾತ್ರ ಹೊರಗೆ, ಕೆಲಸ ಮಾಡುತ್ತಲೇ ಕಲಿಯಬೇಕು.

ಒಂದು ಬ್ಯಾಚ್‌ಗೆ 16 ಜನ. ಸೀಟು ಸಿಗುವುದು ಆಡಿಷನ್ ಮೇಲೆ. ಐರ್ಲೆಂಡಿನ ಬೇರೆ ಪದವಿಗಳ ಹಾಗೆ ಶಾಲೆ ಮುಗಿಸುವಾಗ ಬರೆಯುವ ಲೀವಿಂಗ್ ಸರ್ಟ್ ಪರೀಕ್ಷೆಯ ಅಂಕಗಳ ಪೈಪೋಟಿ ಇಲ್ಲಿ ನಡೆಯುವುದಿಲ್ಲ. ಹಿಂದಿನ ಅನುಭವದ ಪಟ್ಟಿ ಉದ್ದ ಇರಬೇಕೆಂದೂ ಇಲ್ಲ. ಮೆಸ್ಕಲ್ ಮೇನೂತ್ ಊರಿನವರು, ಕಿಲ್ಡೇರ್ ಕೌಂಟಿಯ ಕಿರಿಯರ ತಂಡಗಳಲ್ಲಿ ಗೇಲಿಕ್ ಫುಟ್‌ಬಾಲ್ ಆಡುತ್ತಿದ್ದವರು. ಶಾಲೆಯ ಸಂಗೀತ ನಾಟಕವೊಂದರಲ್ಲಿ ಮುಖ್ಯ ಪಾತ್ರ ಮಾಡಿದ್ದೇ ಅವರ ರಂಗಾನುಭವ. ಇಂಥ ಆಡಿಷನ್‌ಗೆ ತಯಾರಾಗುವವರು ಕೆಡಿಸಿಕೊಳ್ಳುವುದು ಸಾಮಾನ್ಯವಾಗಿ ಸ್ವಗತದ ಆಯ್ಕೆಯಲ್ಲಿ. ಹೆಸರಾಂತ ನಟರು ಪರದೆಯ ಮೇಲೆ ಆಡಿ ತೋರಿಸಿದ ಭಾಗವನ್ನೇ ತೆಗೆದುಕೊಂಡರೆ ಆಯ್ಕೆ ಮಾಡುವವರ ಕಿವಿಯಲ್ಲಿ ಹಳೆಯ ದನಿಯೇ ಕೇಳುತ್ತಿರುತ್ತದೆ. ಇಪ್ಪತ್ತರ ಹುಡುಗ ಐವತ್ತರ ದೊರೆಯಾಗಲು ಹೋದರೆ ಗಂಟಲು ದಪ್ಪ ಮಾಡಿಕೊಳ್ಳುತ್ತಾನೆ, ಅಲ್ಲಿಗೆ ಆಟ ಮುಗಿಯಿತು. ವಯಸ್ಸಿಗೆ ಒಪ್ಪುವ, ಎದುರಿಗಿರುವವರಿಂದ ಏನನ್ನೋ ಬೇಡುವ ಮಾತಿರಬೇಕು. ಬರೀ ನೆನಪು ಹೇಳಿಕೊಳ್ಳುವ ಮಾತು ಎರಡು ನಿಮಿಷ ನಿಲ್ಲುವುದಿಲ್ಲ. ಇನ್ನೊಂದು ವಿಷಯ: ಮಧ್ಯೆ ತಡೆದು ‘ಈಗ ಇದನ್ನೇ ಪಿಸುಮಾತಿನಲ್ಲಿ ಹೇಳಿ’ ಅಂದರೆ ಭಯ ಬೀಳಬಾರದು. ಹೇಳಿದ್ದನ್ನು ತಕ್ಷಣ ಬದಲಿಸಿಕೊಳ್ಳಲು ಬರುತ್ತದೆಯೇ ಎಂದು ನೋಡುವ ದಾರಿ ಅದು.

ಒಳಗೆ ಹೋದ ಮೇಲೆ ದಿನವಿಡೀ ಪಾಠ. ದನಿ, ಚಲನೆ, ಹಾಡು, ಪಠ್ಯದ ಓದು, ರಂಗದ ಮೇಲಿನ ಹೊಡೆದಾಟ, ನಡುವೆ ಕ್ಯಾಮೆರಾ. ತೂಕ ರಂಗಭೂಮಿಯ ಕಡೆಗೇ ವಾಲುತ್ತದೆ. ಕೊನೆಯ ವರ್ಷ ಪ್ರೇಕ್ಷಕರೆದುರು ಪೂರ್ಣ ನಾಟಕಗಳು. ಅದೇ ಕಟ್ಟಡದಲ್ಲಿ ರಂಗ ನಿರ್ವಹಣೆ ಮತ್ತು ತಾಂತ್ರಿಕ ರಂಗಭೂಮಿಯ ಪದವಿ, ನಿರ್ದೇಶನ, ನಾಟಕ ರಚನೆ, ವಿನ್ಯಾಸದ ಸ್ನಾತಕೋತ್ತರ ತರಗತಿಗಳೂ ಇರುವುದರಿಂದ ಬೆಳಕು, ಸೆಟ್ ನೋಡಿಕೊಳ್ಳುವವರು ಬೇರೆ ವಿದ್ಯಾರ್ಥಿಗಳೇ. ನಟರಿಗೆ ಇದರ ಲಾಭ ದೊಡ್ಡದು: ಮುಂದೆ ತಮ್ಮನ್ನು ಕರೆದು ಕೆಲಸ ಕೊಡುವ ತಲೆಮಾರಿನ ಜೊತೆಯಲ್ಲೇ ಕಲಿತಿರುತ್ತಾರೆ.

ದನಿಯ ಪಾಠದಿಂದ ಪರದೆಗೆ ಏನು ಬಂತು ಎನ್ನುವುದನ್ನು ‘ನಾರ್ಮಲ್ ಪೀಪಲ್’ನ 10ನೇ ಕಂತಿನಲ್ಲಿ ನೋಡಬಹುದು. 12 ಕಂತುಗಳಲ್ಲಿ ಮೊದಲ ಆರನ್ನು ಲೆನ್ನಿ ಏಬ್ರಹಾಮ್ಸನ್, ಉಳಿದ ಆರನ್ನು ಹೆಟ್ಟಿ ಮ್ಯಾಕ್‌ಡೊನಾಲ್ಡ್ ನಿರ್ದೇಶಿಸಿದ್ದಾರೆ. 10ರಲ್ಲಿ ಮೆಸ್ಕಲ್‌ರ ಪಾತ್ರ ಕಾನೆಲ್ ಆಪ್ತ ಸಮಾಲೋಚಕಿಯೆದುರು ಕೂತು ಗೆಳೆಯನ ಸಾವಿನ ಬಗ್ಗೆ, ಊರು ಬಿಟ್ಟು ಬಂದ ಒಂಟಿತನದ ಬಗ್ಗೆ ಮಾತಾಡುತ್ತಾನೆ. ಕ್ಯಾಮೆರಾ ಮುಖ ಬಿಟ್ಟು ಹೆಚ್ಚು ಕದಲುವುದಿಲ್ಲ. ಮಾತು ಅರ್ಧ ದಾಟುವವರೆಗೂ ಮೆಸ್ಕಲ್ ಅಳುವುದಿಲ್ಲ, ಅಳು ತಡೆಯುತ್ತಾರೆ. ಮೂಗಿನಲ್ಲಿ ಉಸಿರು ಎಳೆದು ವಾಕ್ಯ ಮುಗಿಸಲು ನೋಡುತ್ತಾರೆ, ಆಗದೆ ಪದದ ನಡುವೆಯೇ ದನಿ ಬಿರಿಯುತ್ತದೆ. ಆದರೂ ಪ್ರತಿ ಪದ ಕೇಳಿಸುತ್ತದೆ. ಕಸುಬು ಇರುವುದು ಇಲ್ಲೇ. ತಾಲೀಮಿಲ್ಲದ ಗಂಟಲು ಅಳು ಬಂದಾಗ ಬಿಗಿದುಕೊಂಡು ಮಾತನ್ನೇ ನುಂಗಿಬಿಡುತ್ತದೆ, ಆಮೇಲೆ ಡಬ್ಬಿಂಗ್ ಕೋಣೆಯಲ್ಲಿ ಅದನ್ನು ಸರಿಪಡಿಸಲು ಹೋದರೆ ಅಳುವಿನ ಜೀವ ಹೋಗುತ್ತದೆ. ಹೊಟ್ಟೆಯಿಂದ ಉಸಿರು ಬಿಡುವುದು ಅಭ್ಯಾಸವಾದವರಿಗೆ ಭಾವ ಎಷ್ಟೇ ಮೇಲೆದ್ದರೂ ವ್ಯಂಜನಗಳು ಸವೆಯುವುದಿಲ್ಲ.

ಮೈಯ ಪಾಠಕ್ಕೆ ಸಾಕ್ಷಿ 2022ರ ಸಿನಿಮಾ ‘ಆಫ್ಟರ್‌ಸನ್’. ಅದರಲ್ಲಿ ತಂದೆಯ ಪಾತ್ರದ ಮೆಸ್ಕಲ್ ಹಾಸಿಗೆಯ ಮೇಲೆ ಕೂತು ಬಿಕ್ಕಳಿಸುವ ದೃಶ್ಯವನ್ನು ನಿರ್ದೇಶಕಿ ಷಾರ್ಲಟ್ ವೆಲ್ಸ್ ತೆಗೆದದ್ದು ಬೆನ್ನಿನಿಂದ. ಮುಖ ಇಲ್ಲ, ಕಣ್ಣು ಇಲ್ಲ. ಭುಜದ ಮೂಳೆ, ಪಕ್ಕೆಲುಬು, ಕುತ್ತಿಗೆ ಅಷ್ಟೇ ಅಳಬೇಕು. ಮುಖದಲ್ಲೇ ಎಲ್ಲ ಮಾಡುವ ನಟರಿಗೆ ಈ ಶಾಟ್ ಕೊಟ್ಟರೆ ಬೆನ್ನು ನಕಲಿಯಾಗಿ ಕುಲುಕುತ್ತದೆ. ಈ ಚಿತ್ರಕ್ಕಾಗಿಯೇ ಮೆಸ್ಕಲ್‌ಗೆ 2023ರಲ್ಲಿ ಆಸ್ಕರ್ ಅತ್ಯುತ್ತಮ ನಟ ವಿಭಾಗದ ನಾಮನಿರ್ದೇಶನ ಬಂತು. ಅದೇ ವರ್ಷ ಲಂಡನ್ ರಂಗಭೂಮಿಯ ಒಲಿವಿಯೆ ಪ್ರಶಸ್ತಿ, ಅಲ್ಮೇಡಾ ಥಿಯೇಟರ್‌ನ ಟೆನೆಸಿ ವಿಲಿಯಮ್ಸ್ ನಾಟಕಕ್ಕೆ. ರಂಗ, ಪರದೆ ಎರಡರಲ್ಲೂ ಒಂದೇ ಮೈ ದುಡಿದಿದೆ.

ಪದವಿ ಮುಗಿದ ಕೂಡಲೇ ಮೆಸ್ಕಲ್‌ಗೆ ಪರದೆ ಸಿಕ್ಕಿತೆಂದು ಯಾರೂ ತಿಳಿಯಬಾರದು. 2017ರಲ್ಲಿ ಡಬ್ಲಿನ್‌ನ ಗೇಟ್ ಥಿಯೇಟರ್‌ನಲ್ಲಿ ಗ್ಯಾಟ್ಸ್‌ಬಿ ಪಾತ್ರ, ಮುಂದೆ ಒಂದರ ಮೇಲೊಂದು ನಾಟಕ, ನಡುವೆ ಸಾಸೇಜ್ ಕಂಪನಿಯೊಂದರ ಜಾಹೀರಾತು. ಟಿವಿಯ ಮೊದಲ ದೊಡ್ಡ ಪಾತ್ರ ಪ್ರಸಾರವಾದದ್ದು 2020ರ ಏಪ್ರಿಲ್‌ನಲ್ಲಿ. ಆ ನಡುವಿನ ಕಾಲವೇ ಈ ಪದವಿಯ ನಿಜವಾದ ನಾಲ್ಕನೇ ವರ್ಷ ಎನ್ನಬಹುದು. ಅಷ್ಟು ಕಾಲ ರಂಗದ ಮೇಲೆ ಹೊಟ್ಟೆ ಹೊರೆಯಲು ತಯಾರಿಲ್ಲದವರಿಗೆ ಈ ದಾರಿ ಹಿಡಿಸುವುದು ಕಷ್ಟ.

ಇನ್ನು ಕೊರತೆಯ ಕಡೆಗೆ. ಇದನ್ನು ಲಿರ್ ಒಂದರ ದೋಷವೆಂದು ಹೇಳಲಾಗದು, ರಂಗಪ್ರಧಾನ ಶಾಲೆ ಯಾವುದಾದರೂ ಇಷ್ಟೇ. ಸೆಟ್‌ಗೆ ಬಂದ ಹೊಸದರಲ್ಲಿ ರಂಗ ಕಲಿತವರು ಎಡವುವ ಜಾಗಗಳು ಹೆಚ್ಚುಕಡಿಮೆ ಒಂದೇ. ಮೊದಲು ದೂರದಿಂದ ಇಡೀ ದೃಶ್ಯ ಕಾಣುವ ವೈಡ್ ಶಾಟ್ ತೆಗೆಯುತ್ತಾರೆ, ಕ್ಲೋಸಪ್ ಕೊನೆಗೆ. ರಂಗದ ಅಭ್ಯಾಸದವರು ವೈಡ್‌ನಲ್ಲೇ ಪೂರ್ತಿ ಸುರಿದು, ಮುಖದ ಹತ್ತಿರ ಲೆನ್ಸ್ ಬರುವ ಹೊತ್ತಿಗೆ ಬರಿದಾಗಿರುತ್ತಾರೆ. ಎರಡನೆಯದು ಕಂಟಿನ್ಯೂಟಿ. ಯಾವ ಪದಕ್ಕೆ ಲೋಟ ಎತ್ತಿದಿರೋ ಪ್ರತಿ ಟೇಕ್‌ನಲ್ಲೂ ಅದೇ ಪದಕ್ಕೆ ಎತ್ತಬೇಕು, ಇಲ್ಲವಾದರೆ ಎಡಿಟರ್ ನಿಮ್ಮ ಒಳ್ಳೆಯ ಟೇಕನ್ನೇ ಕೈಬಿಡಬೇಕಾಗುತ್ತದೆ. ಒಬ್ಬರ ಕ್ಲೋಸಪ್ ನಡೆಯುವಾಗ ಎದುರು ನಟರು ಮಾತಿನ ಮೇಲೆ ಮಾತು ಹಾಕಿದರೆ ಎರಡು ದನಿ ಒಂದೇ ಟ್ರ್ಯಾಕ್‌ನಲ್ಲಿ ಕಲೆತು, ಬಿಡಿಸಲು ಬರುವುದಿಲ್ಲ. ರಂಗದ ಮೇಲೆ ಇದೇ ಜೀವಂತಿಕೆ ಅನ್ನಿಸಿಕೊಳ್ಳುತ್ತದೆ! ಹುಬ್ಬು ಎತ್ತುವುದು, ಮಾತಿನ ಒತ್ತಿಗೆ ತಲೆ ಆಡಿಸುವುದು ಕೊನೆಯ ಸಾಲಿನ ಪ್ರೇಕ್ಷಕರಿಗೆ ಬೇಕು, ಲೆನ್ಸ್‌ಗೆ ಬೇಡ. ಕಥೆಯ ಕೊನೆಯ ದೃಶ್ಯ ಮೊದಲ ದಿನವೇ ತೆಗೆಯುವ ಸಂದರ್ಭಕ್ಕೆ, ಪ್ರತಿ ದೃಶ್ಯದ ಮುಂಚೆ ಪಾತ್ರಕ್ಕೆ ಏನೇನು ಗೊತ್ತು, ಮೈಯಲ್ಲಿ ಎಷ್ಟು ದಣಿವು ಎಂದು ಒಂದೊಂದು ಸಾಲು ಬರೆದ ಚೀಟಿ ಕೈಲಿರಬೇಕು. ನಿಂತುಕೊಳ್ಳಬೇಕಾದ ಗುರುತನ್ನು ನೆಲ ನೋಡದೆ ತಲುಪಲು ಹಿಂದಕ್ಕೆ ಹೆಜ್ಜೆ ಎಣಿಸಿಕೊಂಡು ಹೋಗಿ ಶುರು ಮಾಡುವುದೇ ಸುಲಭದ ಉಪಾಯ.

ಈ ಕಸುಬನ್ನೇ ಮುಂದಿಟ್ಟುಕೊಂಡ ಜಾಗ ಡಬ್ಲಿನ್‌ನಲ್ಲೇ ಇದೆ: ಸ್ಮಿತ್‌ಫೀಲ್ಡ್‌ನ ಬೋ ಸ್ಟ್ರೀಟ್ ಅಕಾಡೆಮಿ. ಪರದೆಯ ನಟನೆಯೇ ಅದರ ಮುಖ್ಯ ಪಾಠ. ಅದರ ಹಿಂದಿನ ರೂಪ ‘ದಿ ಫ್ಯಾಕ್ಟರಿ’ಯಲ್ಲಿ ನಟ ಬ್ಯಾರಿ ಕಿಯೋಗನ್ ಕಲಿತರು. ಅವರಿಗೆ ಮೂರು ವರ್ಷದ ರಂಗ ಪದವಿಯಿಲ್ಲ. ಅಂಗಡಿಯ ಕಿಟಕಿಯಲ್ಲಿ ಅಂಟಿಸಿದ್ದ ನಟರು ಬೇಕಾಗಿದ್ದಾರೆ ಎಂಬ ಚೀಟಿ ನೋಡಿ ಮೊದಲ ಸಿನಿಮಾಕ್ಕೆ ಹೋದವರು, 2023ರಲ್ಲಿ ಪೋಷಕ ನಟ ವಿಭಾಗದಲ್ಲಿ ಬ್ರಿಟನ್ನಿನ ಬಾಫ್ಟಾ ಪ್ರಶಸ್ತಿ ಗೆದ್ದರು. ನಟಿ ಸಾರ್ಷಾ ರೋನನ್ ನಟನಾ ಶಾಲೆಯ ದಾರಿಯನ್ನೇ ಹಿಡಿಯದೆ 13ನೇ ವಯಸ್ಸಿಗೆ ಆಸ್ಕರ್ ನಾಮನಿರ್ದೇಶನ ಪಡೆದರು. ಹಾಗಾಗಿ ಲಿರ್ ಇಲ್ಲದೆ ಆಗುವುದೇ ಇಲ್ಲ ಎಂದೇನಿಲ್ಲ. ಲೆನ್ಸ್ ಮುಂದೆ ಸಹಜವಾಗಿ ಇರಬಲ್ಲವರು, ಆದರೆ ದೊಡ್ಡ ಪಠ್ಯ ಕೈಗೆ ಬಂದರೆ ದನಿ ಸೋಲುವವರು ಲಿರ್ ನೋಡಲಿ. ನಾಟಕ ಮಾಡಿ ಮಾಡಿ ಮೈ ಪಳಗಿದವರಿಗೆ ಬೇಕಿರುವುದು ಕ್ಯಾಮೆರಾ ಪಾಠ, ಅವರು ಇನ್ನೂ ಮೂರು ವರ್ಷ ರಂಗಕ್ಕೇ ಕೊಡುವುದರಲ್ಲಿ ಅರ್ಥ ಕಡಿಮೆ.

ಎಲ್ಲಿ ಕಲಿತರೂ ಕೆಲಸದ ಬಾಗಿಲು ಈಗ ಸೆಲ್ಫ್ ಟೇಪ್. ಮೊದಲ ಸುತ್ತು ಬಹುಪಾಲು ಮನೆಯಿಂದ ಕಳಿಸುವ ವೀಡಿಯೊ, ಕೊನೆಗಷ್ಟೇ ಮುಖಾಮುಖಿ, ಜೋಡಿ ಪಾತ್ರವಾದರೆ ಇಬ್ಬರನ್ನೂ ಕೂಡಿಸಿ ನೋಡುವ ಕೆಮಿಸ್ಟ್ರಿ ರೀಡ್. ‘ನಾರ್ಮಲ್ ಪೀಪಲ್’ಗೆ ನಟರನ್ನು ಆರಿಸಿದ ಲೂಯಿಸ್ ಕೈಲಿ ಡಬ್ಲಿನ್‌ನವರೇ; ಮೆಸ್ಕಲ್, ನಾಯಕಿ ಡೇಸಿ ಎಡ್ಗರ್ ಜೋನ್ಸ್ ಇಬ್ಬರೂ ಅಂಥ ಜೋಡಿ ಓದು ದಾಟಿ ಬಂದವರು. ಟೇಪ್ ಕೆಡುವುದು ನಟನೆಯಿಂದಲ್ಲ, ಹೆಚ್ಚಾಗಿ ಸಣ್ಣ ಸಂಗತಿಗಳಿಂದ. ಫೋನ್ ಅಡ್ಡ ಹಿಡಿಯಬೇಕು, ಲೆನ್ಸ್ ಕಣ್ಣಿನ ಎತ್ತರಕ್ಕಿರಬೇಕು, ಎದೆಯಿಂದ ಮೇಲಕ್ಕೆ ಫ್ರೇಮ್. ಕಿಟಕಿ ಬೆನ್ನ ಹಿಂದಿದ್ದರೆ ಮುಖ ಕಪ್ಪಾಗುತ್ತದೆ, ಮುಖದ ಎದುರಿಗಿರಲಿ. ಫೋನಿನ ಪರದೆಯನ್ನು ಒತ್ತಿ ಹಿಡಿದು ಫೋಕಸ್, ಎಕ್ಸ್‌ಪೋಷರ್ ಲಾಕ್ ಮಾಡದಿದ್ದರೆ ನೀವು ಮುಂದಕ್ಕೆ ಬಾಗಿದಾಗಲೆಲ್ಲ ಬೆಳಕು ಏರಿಳಿಯುತ್ತದೆ. ಎದುರು ಪಾತ್ರದ ಮಾತು ಓದುವವರು ಲೆನ್ಸ್‌ನ ಪಕ್ಕಕ್ಕೆ ಒತ್ತಿಕೊಂಡು ನಿಲ್ಲಬೇಕು, ಕಣ್ಣು ಅವರ ಮೇಲಿರಬೇಕು. ಲೆನ್ಸನ್ನೇ ನೋಡಿದರೆ ಜಾಹೀರಾತಿನ ಹಾಗೆ ಕಾಣುತ್ತದೆ, ತುಂಬಾ ಪಕ್ಕಕ್ಕೆ ನೋಡಿದರೆ ಅರ್ಧ ಮುಖ ಕಳೆದುಹೋಗುತ್ತದೆ. ಓದುವವರು ಮೈಕ್‌ಗೆ ನಿಮಗಿಂತ ಹತ್ತಿರ ಇರುವುದರಿಂದ ಅವರ ದನಿಯೇ ದೊಡ್ಡದಾಗಿ ಕೇಳುತ್ತದೆ. ತಗ್ಗಿಸಿ, ಭಾವ ತುಂಬದೆ ಓದಲಿ. 1080ಪಿ ಸಾಕು, 4ಕೆ ಫೈಲ್ ತೆರೆಯಲು ಹೊತ್ತು ಹಿಡಿದರೆ ನೋಡುವವರು ಮುಂದಿನದಕ್ಕೆ ಹೋಗುತ್ತಾರೆ. ಎರಡು ಟೇಕ್ ಕಳಿಸುವುದಾದರೆ ಎರಡನೆಯದು ನಿಜವಾಗಿ ಬೇರೆ ಇರಬೇಕು.

ಹಣದ ಮಾತು. ಏಜೆಂಟರ ಕಮಿಷನ್ ಸಾಮಾನ್ಯವಾಗಿ ಸಂಪಾದನೆಯ 10ರಿಂದ 15 ಶೇಕಡ. ಸೇರಿಸಿಕೊಳ್ಳಲು ಮುಂಗಡ ಕೇಳುವವರಿಂದ ದೂರ ಇರುವುದೇ ಒಳಿತು. ಕಲಾವಿದರಿಗೆ ಐರಿಶ್ ಸರ್ಕಾರ 2022ರಲ್ಲಿ ಪ್ರಯೋಗವಾಗಿ ಶುರು ಮಾಡಿದ ಮೂಲ ಆದಾಯ ಯೋಜನೆಯಲ್ಲಿ 2,000 ಜನರಿಗೆ ವಾರಕ್ಕೆ 325 ಯೂರೋ ಕೊಟ್ಟರು, ಹೊಸದಾಗಿ ತರಬೇತಿ ಮುಗಿಸಿದವರಿಗೂ ಅದರಲ್ಲಿ ಜಾಗವಿತ್ತು. ಆಯ್ಕೆ ಲಾಟರಿಯಂತೆ ನಡೆದಿತ್ತು, ಹಾಗಾಗಿ ಅಂಥದ್ದನ್ನು ನಂಬಿ ಡಬ್ಲಿನ್‌ನಲ್ಲಿ ಮನೆ ಬಾಡಿಗೆಗೆ ಹಿಡಿಯಲಾಗದು. ಕೆಲಸ ಹುಟ್ಟಿಸುವ ನಿಜವಾದ ಯಂತ್ರ ಸೆಕ್ಷನ್ 481 ಎಂಬ ತೆರಿಗೆ ರಿಯಾಯಿತಿ: ಐರ್ಲೆಂಡಿನಲ್ಲಿ ಚಿತ್ರೀಕರಿಸುವವರಿಗೆ ಅರ್ಹ ವೆಚ್ಚದ ಮೇಲೆ ಸಾಮಾನ್ಯವಾಗಿ 32 ಶೇಕಡದವರೆಗೆ ಸಿಗುತ್ತದೆ. ಹೊರಗಿನ ದೊಡ್ಡ ಸರಣಿಗಳು ಅಲ್ಲಿಗೆ ಬರುವುದಕ್ಕೂ, ಸ್ಥಳೀಯ ಹೊಸಬರಿಗೆ ಒಂದೆರಡು ಸಾಲಿನ ಪಾತ್ರ ದಕ್ಕುವುದಕ್ಕೂ ಇದೊಂದು ದೊಡ್ಡ ಕಾರಣ.

ಐರೋಪ್ಯ ಒಕ್ಕೂಟದ ಹೊರಗಿನವರು ಮೆಸ್ಕಲ್ ನಡೆದ ದಾರಿಯನ್ನು ಹಾಗೇ ತಮ್ಮದೆಂದುಕೊಳ್ಳುವ ಮೊದಲು ಒಂದು ಲೆಕ್ಕ ಹಾಕಬೇಕು. ಐರಿಶ್ ಪ್ರಜೆಗಳು ವೀಸಾ ಇಲ್ಲದೆ ಲಂಡನ್‌ಗೆ ಹೋಗಿ ದುಡಿಯಬಹುದು, ಬ್ರೆಕ್ಸಿಟ್ ಆದ ಮೇಲೂ. ಡಬ್ಲಿನ್‌ನಲ್ಲಿ ಓದಿ ಲಂಡನ್‌ನಲ್ಲಿ ಬೆಳೆಯುವ ಈ ಸೌಲಭ್ಯ ಉಳಿದವರಿಗಿಲ್ಲ. ಪದವಿ ಮುಗಿದ ಮೇಲೆ ಐರ್ಲೆಂಡಿನಲ್ಲೇ ಉಳಿಯಲು ಸ್ಟ್ಯಾಂಪ್ 1ಜಿ ಎಂಬ ಅನುಮತಿ ಇದೆ, ಆನರ್ಸ್ ಪದವಿಗೆ 12 ತಿಂಗಳು. ಅದರಲ್ಲಿ ಸಂಬಳದ ಕೆಲಸ ಮಾಡಬಹುದು, ಸ್ವಯಂ ಉದ್ಯೋಗಕ್ಕೆ ಅವಕಾಶವಿಲ್ಲ. ನಟರ ಒಪ್ಪಂದಗಳಲ್ಲಿ ಎಷ್ಟೋ ಈ ಎರಡನೇ ಬಗೆಯವು, ಆದ್ದರಿಂದ ಸಹಿ ಹಾಕುವ ಮುನ್ನ ತಮ್ಮನ್ನು ಉದ್ಯೋಗಿಯಾಗಿ ತೋರಿಸುತ್ತಾರೋ ಗುತ್ತಿಗೆದಾರರಾಗಿ ತೋರಿಸುತ್ತಾರೋ ಎಂದು ನಿರ್ಮಾಣ ಸಂಸ್ಥೆಯಿಂದ ಬರಹದಲ್ಲಿ ಕೇಳಿ ಪಡೆಯಬೇಕು.